ರೇಷ್ಮೆ ಹೊದ್ದ ದೇವಶಾಸ್ತ್ರ

ಕಳೆದ ವರ್ಷ ಕಾರ್ತಿಕ ಮಾಸದ ದ್ವಾದಶಿ, ಗುರುವಾರ, ಬೆಳಗ್ಗೆ ಆರು ಗಂಟೆ ನಲವತ್ತು ನಿಮಿಷ. ಚೆನ್ನೈನ ಒಂದು ಆಸ್ಪತ್ರೆಯ ಎರಡನೇ ಮಹಡಿಯಲ್ಲಿ, ಎಡಗಡೆಯ ಮೂರನೇ ಕೋಣೆಯ ಬಾಗಿಲಲ್ಲಿ ನಾನು ನಿಂತಿದ್ದೆ. ಬಲಗಾಲು ಒಳಗೆ, ಎಡಗಾಲು ಹೊರಗೆ. ಕೈಯಲ್ಲಿ ಫ್ಲಾಸ್ಕು. ನನಗೂ ಮಂಚಕ್ಕೂ ನಡುವೆ ಎಂಟು ಅಡಿ. ಆಮೇಲೆ ಒಮ್ಮೆ ಹೋಗಿ ಅಳೆದು ನೋಡಿದೆ, ಒಂಬತ್ತು. ದೀಪ ಹತ್ತಿತ್ತು. ನಾನು ಕನ್ನಡಕ ಹಾಕಿದ್ದೆ. ಇಷ್ಟೆಲ್ಲ ಯಾಕೆ ಹೇಳುತ್ತಿದ್ದೇನೆಂದರೆ, ಅಲ್ಲಿ ನಾನು ಕಂಡದ್ದನ್ನು ನಮ್ಮ ಬಂಧುಬಳಗದಲ್ಲಿ ಯಾರೂ ನಂಬುವುದಿಲ್ಲ. ನನ್ನ ಹೆಂಡತಿಯೇ ನಂಬಲಿಲ್ಲ!

ಅವರ ತಪ್ಪಲ್ಲ. ಎಲ್ಲಕ್ಕೂ ಕಾರಣ ನನ್ನ ದೊಡ್ಡಮ್ಮ. ಮಡಿಯುಟ್ಟು, ಮಣೆಯ ಮೇಲೆ ಕೂತು, ಆಧುನಿಕ ಕ್ರೈಸ್ತ ದೇವಶಾಸ್ತ್ರ ಓದುವ ಇನ್ನೊಬ್ಬ ಹೆಂಗಸು ಈ ಭೂಮಂಡಲದಲ್ಲಿ ಇದ್ದರೆ ದಯವಿಟ್ಟು ತಿಳಿಸಿ. ಇಬ್ಬರನ್ನೂ ಭೇಟಿ ಮಾಡಿಸೋಣ. ಮುಟ್ಟಿಕೊಳ್ಳದ ಹಾಗೆ ಆಚೆಗೊಂದು ಈಚೆಗೊಂದು ಮಣೆ ಹಾಕಿದರಾಯಿತು.

ದೊಡ್ಡಮ್ಮ ಮೂವತ್ತೆರಡು ವರ್ಷ ಹೆಣ್ಣುಮಕ್ಕಳ ಹೈಸ್ಕೂಲಿನಲ್ಲಿ ಗಣಿತ ಕಲಿಸಿದವಳು. ದೊಡ್ಡಪ್ಪ ಹೋದಮೇಲೆ ಟಿ. ನಗರದ ನಮ್ಮ ಫ್ಲಾಟಿನಲ್ಲೇ ಇದ್ದಾಳೆ. ಮಕ್ಕಳ ಉತ್ತರಕ್ಕಿಂತ ಹೆಜ್ಜೆಗಳ ಮೇಲೆ ಅವಳಿಗೆ ಕಣ್ಣು. ನಾನು ಏಳನೇ ಕ್ಲಾಸಿನಲ್ಲಿದ್ದಾಗ ಒಂದು ಲೆಕ್ಕಕ್ಕೆ ಸರಿಯಾದ ಉತ್ತರ ಬರೆದು ತೋರಿಸಿದೆ. ಸೊನ್ನೆ ಕೊಟ್ಟಳು.

"ಉತ್ತರ ಸರಿ ಇದೆಯಲ್ಲ ದೊಡ್ಡಮ್ಮ!"

"ಉತ್ತರ ಪಕ್ಕದ ಬೆಂಚಲ್ಲೂ ಸಿಗತ್ತೆ. ಹೆಜ್ಜೆ ಎಲ್ಲಿ?"

ಇಂಥವಳು ದೇವಶಾಸ್ತ್ರಕ್ಕೆ ಬಿದ್ದದ್ದು ಶುದ್ಧ ಮೋಸದಿಂದ. ಹನ್ನೊಂದು ವರ್ಷದ ಹಿಂದೆ ಮೌಂಟ್ ರೋಡಿನ ಫುಟ್‌ಪಾತಿನಲ್ಲಿ ರಟ್ಟು ಹರಿದ ಒಂದು ಹಳೆಯ ಇಂಗ್ಲಿಷ್ ಪುಸ್ತಕ ಕಂಡಿತು. ನಡುವೆ ತೆರೆದು ನೋಡಿದರೆ ಅನಂತದ ಬಗ್ಗೆ ಮೂರು ಪುಟ! ಗಣಿತವೆಂದು ಕೊಂಡುತಂದಳು. ನಲವತ್ತನೇ ಪುಟದ ಹೊತ್ತಿಗೆ ಆ ಅನಂತ ದೇವರಾಗಿಬಿಟ್ಟಿತ್ತು. ಬೇರೆ ಯಾರಾದರೂ ಆಗಿದ್ದರೆ ಪುಸ್ತಕ ಮುಚ್ಚುತ್ತಿದ್ದರು. ದೊಡ್ಡಮ್ಮ ಪೆನ್ಸಿಲ್ ತಗೊಂಡಳು. ಸಂಖ್ಯೆ ಹೋಗಿ ಸ್ವಾಮಿ ಬಂದದ್ದು ಯಾವ ಸಾಲಿನಲ್ಲಿ ಎಂದು ಹಿಂದಕ್ಕೆ ಹುಡುಕಿಕೊಂಡು ಹೋಗಿ ಮೂವತ್ತೇಳನೇ ಪುಟದಲ್ಲಿ ಹಿಡಿದಳು. ಅಂಚಿನಲ್ಲಿ ಬರೆದಳು: 'ಇಲ್ಲಿ ಒಂದು ಹೆಜ್ಜೆ ಬಿಟ್ಟಿದೆ.' ಕೊನೆಯ ಪುಟದಲ್ಲಿ ಮಾರ್ಕು: ಹತ್ತಕ್ಕೆ ನಾಲ್ಕು.

ಆ ಕೊನೆಯ ಪುಟದಲ್ಲೇ ಒಂದು ಸೆಮಿನರಿಯ ಗ್ರಂಥಾಲಯದ ಮುದ್ರೆ ಇತ್ತು. ಪಾದ್ರಿಗಳಾಗುವವರು ಓದುವ ಕಾಲೇಜು ಅದು. ಇನ್ನೊಬ್ಬರ ಪುಸ್ತಕ ಮನೆಯಲ್ಲಿಟ್ಟುಕೊಳ್ಳಬಾರದು ಎಂದು ನನ್ನನ್ನು ಎಳೆದುಕೊಂಡು ಹೊರಟಳು. ಕೌಂಟರಿನಲ್ಲಿ ಕೂತಿದ್ದವರು ಒಬ್ಬ ವಯಸ್ಸಾದ ಪಾಸ್ಟರ್. ತಮಿಳರು. ಇಪ್ಪತ್ತು ವರ್ಷ ಕೋಲಾರದ ಕಡೆ ಚರ್ಚಿನಲ್ಲಿದ್ದು ಅಲ್ಲಿನ ಕನ್ನಡವನ್ನು ನಾಲಗೆಯ ಮೇಲೆ ಹೊತ್ತು ತಂದಿದ್ದರು. ಪುಸ್ತಕ ತೆರೆದರು. ಅಂಚು ನೋಡಿದರು. ಕೊನೆಯ ಪುಟ ನೋಡಿದರು.

"ಎಂದೋ ಕಳೆದುಹೋಗಿದ್ದ ಬುಕ್ಕು ವಾಪಸ್ ಬಂದೈತೆ. ಅದೂ ಫೇಲಾಗಿ ಬಂದೈತೆ!" ಎಂದು ಅವರು ನಕ್ಕ ನಗು ಓದುಕೋಣೆಯ ಆ ತುದಿಗೆ ಕೇಳಿಸಿತು. "ಟೀಚರ್, ಈ ಬಿಟ್ಟುಹೋದ ಹೆಜ್ಜೆ ಬಗ್ಗೇನೆ ಆ ಗೋಡೆಯ ಕಪಾಟು ಪೂರ್ತಿ ಬರೆದವ್ರೆ. ನೋಡ್ತೀರಾ?"

ಅಂದೇ ಕಾರ್ಡು ಮಾಡಿಕೊಟ್ಟರು. ನಮ್ಮ ಮನೆಯ ನೆಮ್ಮದಿ ಅಲ್ಲಿಗೆ ಮುಗಿಯಿತು.

ಕಷ್ಟ ಏನೆಂದರೆ, ದೊಡ್ಡಮ್ಮನಿಗೆ ಬಿಡುವು ಸಿಗುವುದು ಪೂಜೆ ಮುಗಿದ ಒಂಬತ್ತರಿಂದ ಊಟದ ಹನ್ನೆರಡರವರೆಗೆ. ಆಗ ಅವಳು ಮಡಿ. ಹತ್ತಾರು ಜನ ಮುಟ್ಟಿದ ಲೈಬ್ರರಿ ಪುಸ್ತಕವನ್ನು ಮುಟ್ಟುವುದು ಹೇಗೆ? ಅವಳೇ ದಾರಿ ಕಂಡುಕೊಂಡಳು. ರೇಷ್ಮೆಗೆ ಮೈಲಿಗೆ ಹತ್ತುವುದಿಲ್ಲವಲ್ಲ! ಹಳೆಯ ರೇಷ್ಮೆ ಸೀರೆ ಕತ್ತರಿಸಿ ಪ್ರತಿ ಪುಸ್ತಕಕ್ಕೂ ಅಂಗಿ ಹೊಲಿದಳು. ಆತಂಕದ ಬಗ್ಗೆ ಬರೆದವನಿಗೆ ಕಡುನೇರಳೆ. ದೇವರ ಮೌನದ ಬಗ್ಗೆ ಬರೆದವನಿಗೆ ತಿಳಿಹಳದಿ, ಸಣ್ಣ ಜರಿ. ನರಕವೇ ಇಲ್ಲವೆಂದು ವಾದಿಸಿದವನಿಗೆ ಅವಳ ಮದುವೆಯ ಸೀರೆಯದೇ ಸೆರಗು.

ನಾನು ಒಮ್ಮೆ ಕೇಳಿದೆ, "ದೊಡ್ಡಮ್ಮ, ಹೊರಗೆ ರೇಷ್ಮೆ ಸರಿ. ಒಳಗಿನ ಹಾಳೆ?"

"ಒಳಗಿರೋದು ವಿಚಾರ. ವಿಚಾರಕ್ಕೆ ಮೈಲಿಗೆ ಇಲ್ಲ ಕಣೋ."

ಹೀಗೆಂದವಳು ಹಾಳೆ ತಿರುವುತ್ತಿದ್ದದ್ದು ಮಾತ್ರ ಬೆಳ್ಳಿ ಚಮಚದ ಹಿಡಿಯಿಂದ! ವಿಚಾರದ ಮೇಲೆ ನಂಬಿಕೆ ಇತ್ತು, ಓದಿದವರ ಬೆರಳಿನ ಮೇಲೆ ಇರಲಿಲ್ಲ.

ಓದಿದ್ದು ತಲೆಯಲ್ಲೇ ಉಳಿದಿದ್ದರೆ ಚಿಂತೆಯಿರಲಿಲ್ಲ, ಕಾಲಿಗೂ ಇಳಿಯತೊಡಗಿತು. ನಂಬಿಕೆಯೆಂದರೆ ಒಂದು ಜಿಗಿತ, ಕೆಳಗೇನಿದೆ ಎಂದು ನೋಡಿಕೊಂಡು ಹಾರಿದರೆ ಅದು ಜಿಗಿತವಲ್ಲ, ಬರಿಯ ಇಳಿತ ಎಂದು ಯಾವುದೋ ಪುಸ್ತಕದಲ್ಲಿತ್ತಂತೆ. ಅದನ್ನು ಓದಿದ ವಾರ ನಾವಿಬ್ಬರೂ ನಮ್ಮ ಟಿ. ನಗರದ ರಸ್ತೆ ದಾಟಬೇಕಿತ್ತು. ಸಂಜೆ ಆರು ಗಂಟೆ, ದೀಪಾವಳಿಗೆ ಹತ್ತು ದಿನ, ಜವಳಿ ಅಂಗಡಿಗಳ ಮುಂದೆ ಊರಿಗೆ ಊರೇ ನಿಂತಿದೆ. ನಾನು ಎಡಗಡೆ ನೋಡಿ ಬಲಗಡೆ ನೋಡುವಷ್ಟರಲ್ಲಿ ದೊಡ್ಡಮ್ಮ ಕಣ್ಣು ಮುಚ್ಚಿ ರಸ್ತೆಗೆ ಇಳಿದೇಬಿಟ್ಟಳು. ಬಸ್ಸು ಕಿರ್ರೆಂದು ನಿಂತಿತು. ಅವಳಿಗೂ ಬಸ್ಸಿಗೂ ಎರಡು ಗೇಣು. ಉತ್ಪ್ರೇಕ್ಷೆ ಬೇಡ, ಮೂರು ಗೇಣು.

ಡ್ರೈವರ್ ಕತ್ತು ಹೊರಹಾಕಿ ಕೂಗಿದ: "ಎನ್ನ ಪಾಟೀ, ವೀಟ್ಲ ಸೊಲ್ಲಿಟ್ಟು ವಂದಿಯಾ?" ಅಜ್ಜಿ, ಬರುವಾಗ ಮನೆಯಲ್ಲಿ ಹೇಳಿ ಬಂದೆಯಾ ಎಂದು. ಈ ಊರಿನಲ್ಲಿ ಸಾಯಲು ಹೊರಟವರನ್ನೆಲ್ಲ ಕೇಳುವ ಕುಶಲಪ್ರಶ್ನೆ ಅದು.

"ಸೊಲ್ಲಿಟ್ಟುದಾಂಪಾ ವಂದೇನ್!", ಹೇಳಿಯೇ ಬಂದಿದ್ದೇನಪ್ಪ, ಎಂದು ದೊಡ್ಡಮ್ಮ ಆಚೆ ದಡ ಸೇರಿದಳು.

ನಾನು ಹಿಂದೆಯೇ ಓಡಿದೆ. "ಅವನು ಬ್ರೇಕ್ ಹಾಕದೇ ಇದ್ದಿದ್ರೆ?"

"ಹಾರೋದು ನನ್ನ ಕೆಲಸ. ಬ್ರೇಕ್ ಹಾಕೋದನ್ನ ಇವರು ಕೃಪೆ ಅಂತಾರೆ. ಇವತ್ತು ಪರೀಕ್ಷೆ ಮಾಡಿದ ಹಾಗಾಯ್ತು. ಆದರೆ ಒಂದು ಸಲ ಆಗಿದ್ದು ಪ್ರಮಾಣ ಅಲ್ಲ," ಎಂದು ತಿರುಗಿ ರಸ್ತೆಯ ಕಡೆ ನೋಡಿದಳು. ನಾನು ಸೆರಗು ಹಿಡಿದುಕೊಂಡೆ.

ಇಷ್ಟು ಹೊತ್ತಿಗೆ ಬಂಧುಗಳಲ್ಲಿ ಸುದ್ದಿ ಹಬ್ಬಿತ್ತು. ತಿರುವಲ್ಲಿಕೇಣಿಯಿಂದ ನನ್ನ ಸೋದರತ್ತೆಯ ಫೋನು: "ಏನೋ, ಅತ್ತಿಗೆ ಮತಾಂತರ ಆಗ್ತಾಳಂತೆ?" ಅವರೇ ನಮ್ಮ ಪುರೋಹಿತರಾದ ಆಚಾರ್ಯರನ್ನು ವಿಚಾರಣೆಗೆ ಕಳಿಸಿಕೊಟ್ಟರು. ಆಚಾರ್ಯರು ಕಾಫಿ ಕುಡಿದು, ಗಂಟಲು ಸರಿ ಮಾಡಿಕೊಂಡು, "ನಮ್ಮಲ್ಲಿ ಇಲ್ಲದ್ದು ಅಲ್ಲೇನಿದೆ ತಾಯಿ?" ಎಂದರು. ದೊಡ್ಡಮ್ಮ ಆತಂಕದ ಅಧ್ಯಾಯ ತೆಗೆದಳು. ಮನುಷ್ಯನ ಆಳದ ದಿಗಿಲಿಗೆ ನಿರ್ದಿಷ್ಟ ಕಾರಣವೇ ಇರುವುದಿಲ್ಲ, ಅದನ್ನು ಮುಚ್ಚಿಕೊಳ್ಳಲೆಂದೇ ಅವನು ದಿನವಿಡೀ ಒಂದಲ್ಲ ಒಂದು ಕೆಲಸ ಹಚ್ಚಿಕೊಂಡಿರುತ್ತಾನೆ ಎಂದು ಒಂದು ಗಂಟೆ ವಿವರಿಸಿದಳು. ಆಚಾರ್ಯರು ಆ ದಿನ ಎರಡು ಸತ್ಯನಾರಾಯಣ ಪೂಜೆ ಮುಗಿಸಿ, ಮೂರನೆಯದಕ್ಕೆ ಹೊರಟಿದ್ದರು. ಮುಖ ಸಣ್ಣಗಾಯಿತು. ಎದ್ದು ಹೋದರು. ಮಾರನೆಯ ದಿನ ಫೋನು ನನಗೆ ಬಂತು: "ಅವರಿಗೆ ಗೊತ್ತಾಗೋದು ಬೇಡ. ಆ ನೇರಳೆ ಪುಸ್ತಕ ಎರಡು ದಿನಕ್ಕೆ ಸಿಗತ್ತಾ?"

ಒಂಬತ್ತನೇ ಕ್ಲಾಸಿನ ನನ್ನ ಮಗಳು ಮಾತ್ರ ನಿಶ್ಚಿಂತೆ. ಕನ್ನಡದಲ್ಲಿ ಕೇಳಿದರೆ ತಮಿಳಿನಲ್ಲಿ ಉತ್ತರ ಕೊಡುವವಳು. "ಪಾಟಿ ಮಾರಮಾಟ್ಟಾಂಗ, ಅವಂಗದಾನ್ ಮಾರುವಾಂಗ," ಎಂದಳು. ಅಜ್ಜಿ ಮತ ಬಿಡುವವಳಲ್ಲ, ಬಿಟ್ಟರೆ ಆ ಪುಸ್ತಕ ಬರೆದವರೇ ಬಿಡಬೇಕು ಎಂದು ಅರ್ಥ.

ಆದರೆ ದೊಡ್ಡಮ್ಮನಿಗೆ ನಿಜವಾಗಿ ಒಂದು ಮುಳ್ಳು ಚುಚ್ಚಿತ್ತು. ಅದನ್ನು ನಾನು ಕಣ್ಣಾರೆ ಕಂಡದ್ದು ಕಳೆದ ವರ್ಷ ನವರಾತ್ರಿಗೆ ಮೂರು ದಿನ ಮೊದಲು, ಗ್ರಂಥಾಲಯದ ಕೌಂಟರಿನಲ್ಲಿ. ಪುಸ್ತಕವನ್ನು ಪಾಸ್ಟರ್ ಮುಂದೆ ಕುಕ್ಕಿದಳು.

"ಕೃಪೆ ಬಗ್ಗೆ ಇದು ಹತ್ತನೇ ಪುಸ್ತಕ ಪಾಸ್ಟರ್. ಇದೂ ಅದನ್ನೇ ಹೇಳತ್ತೆ. ಕೃಪೆ ಪುಕ್ಕಟೆಯಂತೆ. ಏನು ಮಾಡಿದ್ರೂ ಅದನ್ನ ಸಂಪಾದಿಸೋಕಾಗಲ್ವಂತೆ. ಹೌದೋ ಅಲ್ವೋ?"

"ಹೌದು ಟೀಚರ್."

"ಹಾಗಾದ್ರೆ ನಾನು ಹತ್ತೊಂಬತ್ತನೇ ವಯಸ್ಸಿಂದ ಬೆಳಗಿನ ಜಾವ ತಣ್ಣೀರು ಸುರ್ಕೊಂಡಿದ್ದು? ಏಕಾದಶಿ ಉಪವಾಸ? ಜ್ವರ ಬಂದಾಗಲೂ ಮಡಿ ಬಿಡದೇ ಇದ್ದಿದ್ದು?"

ಪಾಸ್ಟರ್ ಹೇಳಿದರು, "ಹಾಳಾಗಲ್ಲ ಟೀಚರ್. ಆದ್ರೆ ಅದಕ್ಕೆ ಮಾರ್ಕಿಲ್ಲ."

"ಅಂದ್ರೆ ಖಾಲಿ ಪೇಪರ್ ಕೊಟ್ಟವನಿಗೂ ಹತ್ತಕ್ಕೆ ಹತ್ತು!"

"ಅವನಿಗೇ ಮೊದಲು."

"ಅಂಥ ಮೇಷ್ಟ್ರನ್ನ ಸಸ್ಪೆಂಡ್ ಮಾಡಬೇಕು!" ಎಂದು ದೊಡ್ಡಮ್ಮ ಕಾರ್ಡನ್ನು ಅವರ ಮೇಜಿನ ಮೇಲೆ ಬಿಟ್ಟು ಹೊರಟಳು. ಆಟೋ ಹತ್ತಿದೆವು. ಅಡ್ಯಾರು ಸೇತುವೆ ದಾಟಿದ ಮೇಲೆ, "ಐವತ್ತೈದು ವರ್ಷ ಕಣೋ," ಎಂದಳು, ಅಷ್ಟೇ. ಆಚಾರ್ಯರನ್ನು ಕರೆಸಿ ಕೇಳಿದಳು. ಹರಿಯ ಪ್ರಸಾದವಿಲ್ಲದೆ ನಮ್ಮಲ್ಲೂ ಏನೂ ನಡೆಯದು ಎಂದರು ಅವರು. "ಹಾಗಂತ ನೀವ್ಯಾರೂ ತಣ್ಣೀರು ಬಿಟ್ಟಿಲ್ಲವಲ್ಲ!" ಎಂದು ಅವರನ್ನೂ ಓಡಿಸಿದಳು. ಆರು ವಾರ ಗ್ರಂಥಾಲಯದ ಕಡೆ ತಲೆಹಾಕಲಿಲ್ಲ. ಒಂಬತ್ತರಿಂದ ಹನ್ನೆರಡರವರೆಗೆ ಖಾಲಿ ಕೈಯಲ್ಲಿ ಮಣೆಯ ಮೇಲೆ ಕೂತಿರುತ್ತಿದ್ದಳು. ಆ ಐವತ್ತೈದು ವರ್ಷ ಎಲ್ಲಿ ಹೋಯಿತೆಂದು ಹುಡುಕುತ್ತಿದ್ದಾಳೆ ಎಂದು ನನಗೆ ಅನಿಸುತ್ತಿತ್ತು.

ಈಗ ಆ ದ್ವಾದಶಿಗೆ ಬರುತ್ತೇನೆ. ಬೆಳಗ್ಗೆ ಐದೂ ಮುಕ್ಕಾಲಿಗೆ ಫೋನು ಬಂತು. ಸೆಲ್ವಿ ಎಂಬ ನರ್ಸು. ಪಾಸ್ಟರ್‌ಗೆ ಏಳೂವರೆಗೆ ಹೃದಯದ ಆಪರೇಷನ್, ಟೀಚರ್ ಬರುತ್ತಾರಾ ಎಂದು ಕೇಳುತ್ತಿದ್ದಾರೆ. ದೊಡ್ಡಮ್ಮ ಹಿಂದಿನ ದಿನ ನೀರೂ ಮುಟ್ಟದೆ ಏಕಾದಶಿ ಮಾಡಿದ್ದಳು. ಸ್ನಾನ ಆಗಿ, ಮಡಿಯುಟ್ಟು, ಪಾರಣೆಯ ಅಡಿಗೆಗೆ ಕೂತಿದ್ದಳು. "ಬಾಗಿಲಲ್ಲಿ ನಿಂತು ನೋಡ್ಕೊಂಡು ಬರ್ತೀನಿ. ಏನೂ ಮುಟ್ಟಲ್ಲ," ಎಂದಳು. ಆಟೋ ಸೀಟಿಗೆ ರೇಷ್ಮೆ ಸೀರೆ ಹಾಸಿದೆವು. "ಸೀಟು ಕ್ಲೀನಾಗೇ ಇದೆಯಲ್ಲಮ್ಮಾ," ಎಂದು ಆಟೋದವನು ತಮಿಳಿನಲ್ಲಿ ನೊಂದುಕೊಂಡ. ಆಸ್ಪತ್ರೆಯಲ್ಲಿ ನಾನು ಮುಂದೆ ಮುಂದೆ, ಮಂತ್ರಿಯ ಕಾರಿನ ಮುಂದಿನ ಪೊಲೀಸನ ಹಾಗೆ, ದಾರಿ ಬಿಡಿಸುತ್ತ ನಡೆದೆ. ಲಿಫ್ಟು ಬೇಡವೆಂದು ಎರಡು ಮಹಡಿ ಹತ್ತಿದಳು.

ಕೋಣೆಯೊಳಗೆ ಹೋಗಿ ಮಂಚಕ್ಕೆ ಎರಡು ಟೈಲ್ಸು ದೂರದಲ್ಲಿ ನಿಂತಳು. ಆ ಕಡೆ ಸೆಲ್ವಿ ಏನೋ ಬರೆದುಕೊಳ್ಳುತ್ತಿದ್ದಳು. ಪಾಸ್ಟರ್ ಬಹಳ ಸಣ್ಣಗಾಗಿದ್ದರು.

"ಟೀಚರ್, ಭಯ ಆಗ್ತೈತೆ," ಎಂದರು. "ನಲವತ್ತು ವರ್ಸ ಇನ್ನೊಬ್ಬರ ಮಂಚದ ಪಕ್ಕ ಪ್ರಾರ್ಥನೆ ಮಾಡಿದೀನಿ. ಇವತ್ತು ನನಗೆ ಒಂದು ಮಾತೂ ಬರ್ತಿಲ್ಲ. ಆ ಕಡೆಯಿಂದಾನೂ ಏನೂ ಇಲ್ಲ. ನನ್ನ ಪೇಪರ್ ಖಾಲಿ ಟೀಚರ್."

ದೊಡ್ಡಮ್ಮ ಒಂದು ನಿಮಿಷ ನಡುವಿನ ಟೈಲ್ಸನ್ನು ನೋಡಿದಳು. ಎರಡು ನಿಮಿಷ ಎನ್ನುತ್ತಾಳೆ ಸೆಲ್ವಿ. ಆಮೇಲೆ ಆ ಎರಡು ಟೈಲ್ಸನ್ನು ದಾಟಿದಳು. ಸೂಜಿ ಚುಚ್ಚಿದ್ದ ಅವರ ಎಡಗೈಯನ್ನು, ಪ್ಲಾಸ್ಟರಿಗೆ ತಾಗದ ಹಾಗೆ, ತನ್ನ ಎರಡೂ ಕೈಯಲ್ಲಿ ಹಿಡಿದುಕೊಂಡಳು. ನಡುವೆ ರೇಷ್ಮೆ ಇರಲಿಲ್ಲ. ನಾನು ನೋಡಿದೆ. ಬರಿಗೈ.

"ಖಾಲಿ ಪೇಪರಿಗೂ ಮಾರ್ಕಿದೆ ಅಂತ ಹತ್ತು ಪುಸ್ತಕ ಓದಿಸಿದ್ದು ನೀವೇ ಅಲ್ವಾ ಪಾಸ್ಟರ್? ನಾನು ಒಪ್ಪಲ್ಲ. ಆದ್ರೂ ಕೊಟ್ಟಿದೀನಿ, ತಗೊಳ್ಳಿ."

"ಎಷ್ಟು?"

"ಹತ್ತಕ್ಕೆ ಹತ್ತು."

ಪಾಸ್ಟರ್ ನಕ್ಕರು. ಗ್ರಂಥಾಲಯದ ಆ ನಗುವಲ್ಲ, ಆದರೂ ನಗುವೇ. ಸ್ಟ್ರೆಚರ್ ಬರುವವರೆಗೆ, ಅಂದರೆ ಏಳು ಗಂಟೆ ಹತ್ತು ನಿಮಿಷದವರೆಗೆ, ಅವಳು ಕೈ ಬಿಡಲಿಲ್ಲ.

ಮನೆಗೆ ಬಂದೆವು. ಆಸ್ಪತ್ರೆಯಿಂದ ಬಂದವರೆಂದು ನನ್ನ ಹೆಂಡತಿ ಬಕೆಟ್ಟಿಗೆ ನೀರು ಬಿಟ್ಟಿದ್ದಳು. ದೊಡ್ಡಮ್ಮ ಕಾಲು ತೊಳೆದು ನೇರ ಎಲೆಯ ಮುಂದೆ ಕೂತಳು. "ಸ್ನಾನ, ದೊಡ್ಡಮ್ಮ?" "ಬೆಳಗ್ಗೇನೇ ಆಯ್ತಲ್ಲ," ಎಂದು ತುಳಸಿ ತೀರ್ಥ ತಗೊಂಡಳು. ಹೆಂಡತಿ ನಂಬದಿರುವುದು ಇದಕ್ಕೇ. ಮುಟ್ಟಿದ್ದರೆ ದೊಡ್ಡಮ್ಮ ಸ್ನಾನ ಮಾಡದೆ ಊಟಕ್ಕೆ ಕೂರುತ್ತಿದ್ದಳೇ? ಆದ್ದರಿಂದ ಮುಟ್ಟಿಲ್ಲ. ಹೆಜ್ಜೆ ಒಂದೂ ಬಿಟ್ಟಿಲ್ಲ, ಉತ್ತರ ಮಾತ್ರ ತಪ್ಪು.

ಹನ್ನೆರಡೂಕಾಲಿಗೆ ಸೆಲ್ವಿಯ ಫೋನು ಬಂತು. ಪಾಸ್ಟರ್ ಆಪರೇಷನ್ ಥಿಯೇಟರಿನ ಬಾಗಿಲಿನಿಂದ ತಿರುಗಿ ಬರಲಿಲ್ಲ.

ಆ ಕೋಣೆಯಲ್ಲಿ ಅದನ್ನು ಕಂಡವರಲ್ಲಿ ಈಗ ಬದುಕಿರುವವರು ಮೂವರು. ಒಬ್ಬ ನಾನು. ಇನ್ನೊಬ್ಬಳು ನರ್ಸು ಸೆಲ್ವಿ, ಈಗಲೂ ಅದೇ ಎರಡನೇ ಮಹಡಿಯಲ್ಲಿದ್ದಾಳೆ, ಹೋಗಿ ಕೇಳಬಹುದು. ಮೂರನೆಯವಳು ದೊಡ್ಡಮ್ಮ. ಕೇಳಿದರೆ, "ನೆನಪಿಲ್ಲ ಹೋಗೋ," ಎನ್ನುತ್ತಾಳೆ. ಗ್ರಂಥಾಲಯದ ಕಾರ್ಡನ್ನು ಹೋಗಿ ವಾಪಸ್ ತಂದುಕೊಂಡಿದ್ದಾಳೆ. ಈಗ ಗಂಟೆ ಒಂಬತ್ತೂವರೆ, ಒಳಗೆ ಮಣೆಯ ಮೇಲೆ ಓದುತ್ತಾ ಕೂತಿದ್ದಾಳೆ. ಪುಸ್ತಕಕ್ಕೆ ಹಸಿರು ರೇಷ್ಮೆ ಹಾಗೇ ಇದೆ. ಚಮಚ ಅಡಿಗೆಮನೆಯಲ್ಲಿದೆ. ಹಾಳೆಯನ್ನು ಬೆರಳಿನಲ್ಲೇ ತಿರುವುತ್ತಿದ್ದಾಳೆ.