ದೊಡ್ಡಪ್ಪನ ‘ಪೋನೀಲೇ’

ಸಾಕ್ಷ್ಯಚಿತ್ರ ನೋಡುವಾಗ ಇದ್ದಕ್ಕಿದ್ದಂತೆ ಹಸು ಕಾಣಿಸಿದರೆ, ಅಲ್ಲಿ ಯಾರದೋ ಮಾತಿಗೆ ಕತ್ತರಿ ಬಿದ್ದಿದೆ ಎಂದು ತಿಳಿಯಿರಿ. ಮಾತನ್ನು ನಡುವೆ ತುಂಡರಿಸಿ ಅಂಟಿಸಿದರೆ ಆಡುವವರ ಮುಖ ಜಿಗಿದಂತೆ ಕಾಣುತ್ತದೆ. ಆ ಜಿಗಿತದ ಮೇಲೆ ಹಸುವನ್ನೋ ಹಿಪ್ಪುನೇರಳೆ ತೋಟವನ್ನೋ ಹೊದಿಸುತ್ತೇವೆ. ಕೋಲಾರದ ಕಡೆ ಎರಡಕ್ಕೂ ಕೊರತೆಯಿಲ್ಲವಾದ್ದರಿಂದ ಸಂಕಲನಕಾರನಾಗಿ ನನ್ನ ಬದುಕು ಹೇಗೋ ನಡೆದುಕೊಂಡು ಬಂದಿದೆ. ನಿರೂಪಣೆಯನ್ನೂ ನಾನೇ ಬರೆಯುತ್ತೇನೆ. ಹಸುವಿನಿಂದ ಮುಚ್ಚಲಾಗದ್ದನ್ನು ಎರಡು ಗಂಭೀರ ವಾಕ್ಯಗಳು ಮುಚ್ಚುತ್ತವೆ. ಜನ ಇದನ್ನು ನೆನಪಿನ ದಾಖಲೆ ಎನ್ನುತ್ತಾರೆ. ನಾನು ತಿದ್ದಲು ಹೋಗುವುದಿಲ್ಲ.

ಸುಗಟೂರಿನ ರೇಷ್ಮೆ ಬೆಳೆಗಾರರ ಬಗ್ಗೆ ಚಿತ್ರ ಮಾಡಲು ಹೊರಟಾಗ ಸುಲಭಕ್ಕೆ ಸಿಕ್ಕವರು ನಮ್ಮ ದೊಡ್ಡಪ್ಪ ಮತ್ತು ಚಿಕ್ಕಪ್ಪ. ಅವರ ತೋಟಗಳ ನಡುವೆ ಒಂದು ಬದುವಿತ್ತು, ಮಾತಿರಲಿಲ್ಲ. ಜಗಳಕ್ಕೆ ಕಾರಣ ಕೇಳಿದರೆ ಇಬ್ಬರೂ ಬೇರೆ ಬೇರೆ ಕತೆ ಹೇಳುತ್ತಾರೆ. ಎರಡೂ ತೀರ ಅಚ್ಚುಕಟ್ಟಾಗಿವೆ. ಅದಕ್ಕೇ ನಾನು ಎರಡನ್ನೂ ನಂಬಿಲ್ಲ. ಆಗ ದೊಡ್ಡಪ್ಪನ ಮಗಳು ಶೋಭಾಳ ಮದುವೆ ಗೊತ್ತಾಗಿತ್ತು. “ಚಿಕ್ಕಪ್ಪ ಬರ್ದಿದ್ರೆ ನಾನು ಹಸೆಮಣೆ ಮೇಲೆ ಕೂರಲ್ಲ” ಎಂದು ಅವಳು ಹಟ ಹಿಡಿದಿದ್ದಳು. “ಅವನ ಮನೆ ಹೊಸ್ಲು ನಾನು ತುಳಿಯಲ್ಲ ಕಣೇ” ಎಂದು ದೊಡ್ಡಪ್ಪ.

ಇಬ್ಬರನ್ನೂ ಬೇರೆ ಬೇರೆ ದಿನ ಚಿತ್ರೀಕರಿಸಿದೆವು. ಚಿಕ್ಕಪ್ಪ, “ಹುಳ ಸಾಕೋದು ಕಲ್ಸಿದ್ದೇ ನಮ್ಮಣ್ಣ. ಬುದ್ಧಿ ಒಂದು ಬಿಟ್ಟು ಎಲ್ಲಾ ಐತೆ ಆವಯ್ಯನಿಗೆ” ಎಂದರು. ಮೊದಲ ವಾಕ್ಯ ಉಳಿಸಿ, ಹಸು ಹಾಕಿದೆ. ದೃಶ್ಯಕ್ಕೊಂದು ಮುಕ್ತಾಯ ಬೇಕಿತ್ತು. ಕಾಫಿಗಿಟ್ಟ ಹಾಲು ಒಡೆದುಹೋಯಿತೆಂದು ದೊಡ್ಡಮ್ಮ ಒಳಗಿನಿಂದ ಕೂಗಿದ್ದಕ್ಕೆ ದೊಡ್ಡಪ್ಪ “ಪೋನೀಲೇ” ಎಂದ ಒಂದು ತುಣುಕು ಸಿಕ್ಕಿತು. ಹೋಗಲಿ ಬಿಡು ಅಂತ. ನಮ್ಮ ಕಡೆ ಜಗಳ ಕನ್ನಡದಲ್ಲಿ ಶುರುವಾದರೂ ರಾಜಿಯಾಗುವುದು ತೆಲುಗಿನಲ್ಲೇ. ತಮ್ಮನ ಮಾತಿನ ಹಿಂದೆ ಅದನ್ನು ಅಂಟಿಸಿದೆ. ಯಾರನ್ನೂ ಒಂದುಗೂಡಿಸುವ ಉದ್ದೇಶ ನನಗಿರಲಿಲ್ಲ. ಕೇಳಲು ಚೆನ್ನಾಗಿತ್ತು, ಅಷ್ಟೆ.

ಹಾಲಿನ ಡೇರಿ ಮುಂದೆ ಬಿಳಿ ಪಂಚೆ ಕಟ್ಟಿ ಚಿತ್ರ ತೋರಿಸಿದೆವು. ಆ ಮೂಲೆಯಲ್ಲಿ ಅಣ್ಣ, ಈ ಮೂಲೆಯಲ್ಲಿ ತಮ್ಮ. ‘ಪೋನೀಲೇ’ ಬಂದಾಗ ಚಿಕ್ಕಪ್ಪ ಟವೆಲಿನಿಂದ ಮೂಗೊರೆಸಿಕೊಂಡು, “ಅಣ್ಣನೇ ಅಂಗಂದ್ಮೇಲೆ ನಂದೇನೈತೆ” ಎಂದರು. ತಾವು ಹಾಗೆಂದದ್ದು ಯಾವಾಗ ಎಂದು ದೊಡ್ಡಪ್ಪ ಸ್ವಲ್ಪ ಯೋಚಿಸಿದಂತೆ ಕಂಡಿತು. ಆದರೆ ಪಂಚೆಯ ಮೇಲಿದ್ದದ್ದು ತಮ್ಮದೇ ಮುಖ, ಒಪ್ಪಿಕೊಂಡರು. ಮರುದಿನ ಬೆಳಿಗ್ಗೆ ಲಗ್ನಪತ್ರಿಕೆ ಹಿಡಿದು ಬದು ದಾಟಿದರು.

ಮದುವೆ ಊಟಕ್ಕೆ ಅಣ್ಣತಮ್ಮಂದಿರು ಅಕ್ಕಪಕ್ಕ ಕೂತರು. ಶೂಟಿಂಗ್ ದಿನ ಒಂದೇ ಮಂಚದ ಮೇಲೆ ಕೂತು ಮಾತಾಡಿ ಜಗಳ ಮುಗಿಸಿದ್ದನ್ನು ಬೀಗರಿಗೆ ವರ್ಣಿಸತೊಡಗಿದರು. ಮಂಚ ಎಲ್ಲಿಂದ ಬಂತೋ ನನಗೆ ತಿಳಿಯದು. ನನ್ನ ಚಿತ್ರದಲ್ಲಂತೂ ಇರಲಿಲ್ಲ. ಬಾಯಿ ಸುಮ್ಮನಿರಲಿಲ್ಲ. “ಇಲ್ಲ ದೊಡ್ಡಪ್ಪ, ನೀವಿಬ್ರೂ ಬೇರೆ ಬೇರೆ ದಿನ...” ಎಂದೆ.

“ಏನ್ಲಾ, ಇವನಿಗೆ ಈಗ್ಲೇ ಮರೆವು ಬಂದೈತಾ?” ಎಂದು ದೊಡ್ಡಪ್ಪ ತಮ್ಮನ ಕಡೆ ತಿರುಗಿದರು.

“ಚಿಕ್ಕೋನಿದ್ದಾಗ್ಲಿಂದ್ಲೂ ಅಷ್ಟೇ ಬಿಡಣ್ಣ. ಇಂಥೋನ ಕೈಗೆ ಯಾರು ಸಿನಿಮಾ ಕೊಡ್ತಾರೋ!”

ಅಷ್ಟರಲ್ಲಿ ಬಡಿಸುವವರು ಬಂದು ಪಾಯಸ ಹಾಕಲೇ ಎಂದರು. ನಾನು ಹೂಂ ಎಂದು ತಲೆಯಾಡಿಸಿದೆ. ಬೀಗರು ಅದನ್ನು ತಪ್ಪೊಪ್ಪಿಗೆಯೆಂದೇ ತಿಳಿದು ನನ್ನನ್ನು ಕನಿಕರದಿಂದ ನೋಡಿದರು.