ಅವರೆಕಾಳಿನಷ್ಟು ಮಿಷನ್ನು

ಬಸವೇಶ್ವರನಗರದ ಭೈರೇಶನ ಅಂದಿನ ಫಜೀತಿಗೆಲ್ಲ ಕಾರಣ, ಅವನ ಕಿವಿಯ ಹಿಂದೆ ಕೂರುವ ಅವರೆಕಾಳಿನಷ್ಟು ಮಿಷನ್ನು. ಚಿಕ್ಕಂದಿನಿಂದ ಕಿವಿ ಮಂದ. ಕೇಳಿದವರಿಗೆಲ್ಲ "ಫ್ಯಾಕ್ಟರಿ ಸದ್ದು ಸಾರ್" ಎಂದು ಹೇಳಿ ಮೂವತ್ತು ವರ್ಷ ತಳ್ಳಿದ್ದ. ಈಗ ಮಗಳು ಸ್ಪಂದನಳಿಗೆ ಉಲ್ಲಾಳದಿಂದ ಸಂಬಂಧ ಬಂದಿತ್ತು. ಹುಡುಗ ಅವಳಿಗೆ ತುಂಬಾ ಇಷ್ಟವಾಗಿದ್ದ. ಸಂಜೆ ಹುಡುಗನ ಅಪ್ಪ ತಿಮ್ಮಯ್ಯ ಮಾತುಕತೆಗೆ ಬರುವವರಿದ್ದರು.

"ಕಿವಿ ವಂಶದ್ದು ಅಂತ ಗೊತ್ತಾದ್ರೆ ಎದ್ದು ಹೋಗ್ತಾರೆ ಕಣಪ್ಪ" ಎಂದು ಪಕ್ಕದ ಮನೆಯ ವಿಮಲಮ್ಮ ಕಾಂಪೌಂಡಿನಾಚೆಯಿಂದ ಎಂದೋ ಹೆದರಿಸಿದ್ದರು. ವಂಶದ್ದಲ್ಲ ಎಂದು ತೋರಿಸಲೇ ಅವನು ಮೂರು ವಾರದ ಹಿಂದೆ ಜೀನ್ ಪರೀಕ್ಷೆಗೆ ರಕ್ತ ಕೊಟ್ಟಿದ್ದ.

ಬೆಳಗ್ಗೆ ಡಾಕ್ಟರ್ ಚೈತನ್ಯಾ ರಿಪೋರ್ಟು ನೋಡಿ, "ನಿಮ್ಮ ತಂದೆತಾಯಿ ಸಂಬಂಧದಲ್ಲೇ ಮದುವೆ ಆದವರಾ?" ಎಂದರು.

"ಹೂಂ ಮೇಡಂ. ನಮ್ಮಪ್ಪ ನಮ್ಮಮ್ಮನಿಗೆ ಸೋದರಮಾವ."

"ಹಾಗಾದ್ರೆ ಫ್ಯಾಕ್ಟರಿದೇನೂ ತಪ್ಪಿಲ್ಲ. ದೋಷ ಇರೋ ಜೀನು ನಿಮಗೆ ಇಬ್ಬರಿಂದಲೂ ಬಂದಿದೆ. ಮಗಳಿಗೆ ನಿಮ್ಮಿಂದ ಒಂದೇ ಹೋಗಿರುತ್ತೆ, ಅದರಿಂದ ಅವಳ ಕಿವಿಗೆ ಏನೂ ಆಗಲ್ಲ. ಗಂಡನ ಕಡೆಯಿಂದಲೂ ಅದೇ ಬಂದ್ರೆ ಮಾತ್ರ ಹುಟ್ಟೋ ಮಕ್ಕಳಿಗೆ ತೊಂದರೆ ಆಗಬಹುದು. ಅವರಲ್ಲಿ ಯಾರಿಗಾದ್ರೂ ಕಿವಿ ಮಂದಾನಾ, ವಿಚಾರಿಸಿ."

"ಬೇಕಂತಲೇ ಹೊರಗಿನ ಸಂಬಂಧ ಹುಡುಕಿದೀವಿ ಮೇಡಂ" ಎಂದ ಭೈರೇಶ. ಅರ್ಧ ಭಾರ ಇಳಿದಂತಾಗಿತ್ತು.

ಇಳಿದ ಆ ಅರ್ಧವನ್ನು ಮನೆಯಲ್ಲಿ ಹೆಂಡತಿ ಪ್ರಭಾ ಮತ್ತೆ ಹೊರಿಸಿದಳು. "ಆ ಮಿಷನ್ನ ತೆಗೆದು ಜೇಬಲ್ಲಿಟ್ಕೊಳ್ಳಿ. ಎಲ್ಲಕ್ಕೂ ಹೂಂ ಅನ್ನಿ. ನಾನು ಕಾಲು ತುಳಿದ್ರೆ ಮಾತ್ರ ಉಹೂಂ."

ಸಂಜೆ ತಿಮ್ಮಯ್ಯ ಬಂದರು. ದಪ್ಪ ಮೀಸೆ, ತುಟಿ ನೋಡಿ ತಿಳಿಯೋಣವೆಂದರೆ ತುಟಿಯೇ ಕಾಣದು. ಭೈರೇಶ ಹೂಂ ಎಂದ, ಅವರೂ ಹೂಂ ಎಂದರು. ಕಾಲು ತುಳಿದಾಗ ಉಹೂಂ ಎಂದ, ಅದಕ್ಕೂ ಅವರು ಹೂಂ ಎಂದರು. ಇಷ್ಟು ಒಳ್ಳೆಯ ಬೀಗರು ಎಲ್ಲಿ ಸಿಗುತ್ತಾರೆ ಎಂದು ಪ್ರಭಾ ಉಪ್ಪಿಟ್ಟಿಗೆ ಇನ್ನೊಂದು ಚಮಚ ತುಪ್ಪ ಹಾಕಿದಳು. ಡಾಕ್ಟರ್ ವಿಚಾರಿಸಲು ಹೇಳಿದ್ದನ್ನು ಭೈರೇಶ ಕೇಳಬೇಕಿತ್ತು, ಆದರೆ ಉತ್ತರ ಕೇಳಿಸಬೇಕಲ್ಲ? ಅಷ್ಟರಲ್ಲಿ ತಿಮ್ಮಯ್ಯ ಫೋನು ಬಂತೆಂದು ಸನ್ನೆ ಮಾಡಿ ಎದ್ದು ಹೋದರು. ಇದೇ ಸಮಯವೆಂದು ಭೈರೇಶ ಹಿತ್ತಲಿಗೆ ಹೋಗಿ ಮಿಷನ್ನು ಸಿಕ್ಕಿಸಿಕೊಂಡ.

ಒಗೆಯೋ ಕಲ್ಲಿನ ಪಕ್ಕದಲ್ಲಿ ತಿಮ್ಮಯ್ಯ ನಿಂತಿದ್ದರು. ಕೈಯಲ್ಲಿ ಫೋನಿರಲಿಲ್ಲ. ಕಿವಿಯ ಹಿಂದೆ ಅಂಥದೇ ಅವರೆಕಾಳನ್ನು ಕೂರಿಸಿಕೊಳ್ಳುತ್ತಿದ್ದರು.

ಇಬ್ಬರೂ ಒಬ್ಬರನ್ನೊಬ್ಬರು ನೋಡಿದರು. ತಿಮ್ಮಯ್ಯ ತಲೆ ತಗ್ಗಿಸಿ, "ಫ್ಯಾಕ್ಟರಿ ಸದ್ದು ಸಾರ್" ಎಂದರು.

ಆ ಮಾತಿನ ಬೆಲೆ ಭೈರೇಶನಿಗಿಂತ ಚೆನ್ನಾಗಿ ಬಲ್ಲವರಿರಲಿಲ್ಲ. ಸುಸ್ತಾದ ದನಿಯಲ್ಲಿ ಕೇಳಿದ, "ನಿಮ್ಮ ತಂದೆತಾಯಿ ಸಂಬಂಧದಲ್ಲೇ ಮದುವೆನಾ?"

"ಸೋದರಮಾವ" ಎಂದರು ತಿಮ್ಮಯ್ಯ, ಇನ್ನೂ ಸಣ್ಣ ದನಿಯಲ್ಲಿ.

ಒಳಗೆ ಸ್ಪಂದನ ನಗುತ್ತಿದ್ದಳು. ಭೈರೇಶನಿಗೆ ಅಳು ಬಂದಂತಾಯಿತು. ಇನ್ನು ಇವರಿಗೆ ರಿಪೋರ್ಟು ತೋರಿಸಬೇಕು, ಅಪ್ಪ ಮಗ ಇಬ್ಬರ ರಕ್ತವನ್ನೂ ಕೊಡಿಸಬೇಕು, ಮತ್ತೆ ಮೂರು ವಾರ ಕಾಯಬೇಕು. ಅಲ್ಲಿಯತನಕ ಹೊರಗೆ ಗೊತ್ತಾಗದಿದ್ದರೆ ಸಾಕು ಎಂದುಕೊಂಡ.

"ಅಂದ್ರೆ ಇಬ್ರದೂ ವಂಶದ್ದೇ ಅನ್ನಿ" ಎಂದರು ವಿಮಲಮ್ಮ, ಕಾಂಪೌಂಡಿನಾಚೆಯಿಂದ. ಎಂಬತ್ತು ದಾಟಿದ್ದರೂ ಅವರ ಕಿವಿ ಮಾತ್ರ ಎಂದೂ ಮಂದವಾಗಿರಲಿಲ್ಲ.