ಮೂಗಿನ ನೆರಳು

“ನೆರಳು ಮೂಗಿನ ಬಲಕ್ಕೆ ಬೀಳ್ತೈತೆ. ಈ ಬೆಳಕಿನಾಗೆ ನಾನು ಕುಂತ್ಕಳಲ್ಲ.”

“ಇದು ಅರ್ಜಿಗೆ ಅಂಟಿಸೋ ಫೋಟೋ ಕಣ್ರಿ. ಪೋಸ್ಟರಿಗಲ್ಲ,” ಎಂದರು ಹೆಂಡತಿ.

ಹಿರಿಯೂರು ಬಸ್‌ಸ್ಟ್ಯಾಂಡಿನ ಎದುರಿನ ಸ್ಟುಡಿಯೋದಲ್ಲಿ ಪಂಚಾಕ್ಷರಪ್ಪನವರು ಸ್ಟೂಲಿನ ಪಕ್ಕ ನಿಂತೇ ಇದ್ದರು. ನಲವತ್ತೊಂದು ವರ್ಷ ಸಿನಿಮಾ ಕ್ಯಾಮೆರಾ ಹಿಡಿದವರು. ಜಿಲ್ಲಾ ಪ್ರಶಸ್ತಿಯ ಅರ್ಜಿಗೆ ಇವತ್ತೇ ಕೊನೆ ದಿನ. ಕಚೇರಿ ಐದಕ್ಕೆ ಮುಚ್ಚುತ್ತದೆ. ಫೋಟೋದ ಚೌಕವೊಂದೇ ಖಾಲಿ. ಮನೆಯಲ್ಲಿ ಹುಡುಕಿದರೆ ಒಂದು ಟ್ರಂಕಿನ ತುಂಬ ನಾಯಕಿಯರು ಸಿಕ್ಕಿದ್ದರು, ಸ್ವತಃ ಅವರು ಮಾತ್ರ ಸಿಕ್ಕಿರಲಿಲ್ಲ. ಆಧಾರ್ ಕಾರ್ಡಿನ ಮುಖವನ್ನು ತಮ್ಮದೆಂದು ಅವರು ಇನ್ನೂ ಒಪ್ಪಿಲ್ಲ.

ಸ್ಟುಡಿಯೋದ ಹುಡುಗಿ ಪಲ್ಲವಿ ಗಡಿಯಾರ ನೋಡಿದಳು. ನಾಲ್ಕೂ ಹತ್ತು.

“ಕಾಯಮ್ಮ,” ಎಂದರು ಅವರ ಹೆಂಡತಿ ಶಿವಗಂಗಮ್ಮ. “ಮದುವೆಯಾದ ವರ್ಷ ಮಾರಿಕಣಿವೆ ಡ್ಯಾಮಿನ ಮೇಲೆ ಒಂದು ಫೋಟೋ ತೆಗೀರಿ ಅಂದೆ. ಮೋಡ ಸರೀಲಿ ಅಂದ್ರು. ಮಗಳು ಹುಟ್ಟಿ ಅವಳ ಮದುವೆನೂ ಆತು. ಮೋಡ ಇನ್ನೂ ಅಲ್ಲೇ ಐತೆ.”

ಪಂಚಾಕ್ಷರಪ್ಪನವರು ಕೇಳಿಸಿಕೊಳ್ಳಲಿಲ್ಲ. ತಾವೇ ಕುಳಿತರೆ ತಮ್ಮ ಮುಖದ ಬೆಳಕನ್ನು ನೋಡುವವರು ಯಾರು ಎಂಬುದು ಅವರ ಚಿಂತೆ. ಶೂಟಿಂಗಿನಲ್ಲಿ ಹೀರೋ ಬರುವ ಮೊದಲು ಅವನ ಜಾಗದಲ್ಲಿ ಬೇರೆಯವರನ್ನು ಕೂರಿಸಿಯೇ ಬೆಳಕು ಹೊಂದಿಸುವುದು ಎಂದು ಪಲ್ಲವಿಗೆ ವಿವರಿಸಿದರು.

“ಗಂಗಾ, ನೀನು ಕುಂತ್ಕ.”

“ಹೀರೋ ಬರೋತನಕ ತಾನೆ?”

ಶಿವಗಂಗಮ್ಮ ಕುಳಿತರು. ಪಂಚಾಕ್ಷರಪ್ಪನವರು ಟ್ಯೂಬ್‌ಲೈಟ್ ಆರಿಸಿ, ಬಾಗಿಲನ್ನು ಪೂರ್ತಿ ತೆರೆಸಿ, ಬೆಳಕು ತಿರುಗಿಸಲು ಪಲ್ಲವಿಯ ಕೈಗೆ ಥರ್ಮಾಕೋಲ್ ಹಲಗೆ ಕೊಟ್ಟು, ಸ್ಟುಡಿಯೋದ ಕ್ಯಾಮೆರಾದ ಮೇಲೆ ಕೈಯಿಟ್ಟು, ಒಂದು ಕಣ್ಣು ಮುಚ್ಚಿ ಅರ್ಧ ಗಂಟೆ ನೋಡಿದರು. ಬಿಸಿಲು ಶಿವಗಂಗಮ್ಮನ ಕೆನ್ನೆಗೆ ಮೆಲ್ಲಗೆ ಬಂದು ತಂಗಿತು. “ಗಲ್ಲ ಒಂಚೂರು ಕೆಳಗೆ,” ಎಂದರು. ಅಭ್ಯಾಸಬಲ; ಬೆರಳು ತಾನೇ ಕ್ಲಿಕ್ ಮಾಡಿತು.

ಅಷ್ಟರಲ್ಲಿ ತೆಂಗಿನಕಾಯಿ ಲಾರಿಯೊಂದು ಬಾಗಿಲಿಗೆ ಅಡ್ಡ ನಿಂತಿತು. ಬೆಳಕು ಹೋಯಿತು.

“ನಾಳೆ ಬರಾಣ,” ಎಂದರು ಪಂಚಾಕ್ಷರಪ್ಪ.

“ನಾಳೆ ಪ್ರಶಸ್ತಿ ಬೇರೆಯವರಿಗೆ ಹೋಗಿರ್ತೈತೆ.”

ಪಲ್ಲವಿ ಹಲಗೆ ಇಳಿಸಿ, ಹೆದರುತ್ತಲೇ ತನ್ನ ಮೊಬೈಲು ಮುಂದೆ ಹಿಡಿದಳು. ಅವರು ಬೆಳಕು ನೋಡುತ್ತಿದ್ದಾಗ ಅವರದೇ ಫೋಟೋ ಕದ್ದು ತೆಗೆದಿದ್ದಳಂತೆ.

“ಇದ್ರಾಗೆ ಒಂದು ಕಣ್ಣು ಮುಚ್ಚೈತಲ್ಲ,” ಎಂದರು ಅವರು. “ಬೆಳಕೂ ಸರಿ ಇಲ್ಲ.”

“ಅದನ್ನೇ ಅಂಟಿಸಮ್ಮ,” ಎಂದರು ಶಿವಗಂಗಮ್ಮ. “ಎರಡೂ ಕಣ್ಣು ಬಿಟ್ಟಿದ್ರೆ ಇವರು ಅಂತ ಸಿನಿಮಾದವರು ಯಾರೂ ನಂಬಲ್ಲ.”

ಎದ್ದು ಸೆರಗು ಸರಿಪಡಿಸಿಕೊಂಡು ಮತ್ತೆ ಹೇಳಿದರು:

“ಇವರದ್ದು ಪಾಸ್‌ಪೋರ್ಟ್ ಸೈಜು ಸಾಕು. ನಂದು ದೊಡ್ಡದು ಹಾಕು. ಮೋಡ ಈಗ ಸರಿದೈತೆ.”